ತಡೆಯಾಜ್ಞೆಯ ಬಲದ ಅಧ್ಯಕ್ಷಗಿರಿ

ನಗರಸಭೆ, ಪುರಸಭೆಗಳ ಅವಿಶ್ವಾಸ ಗೊತ್ತುವಳಿಗಳು ಹೈಕೋರ್ಟಿನ ಮೆಟ್ಟಿಲೇರುವುದು ಹೊಸದಲ್ಲ. ಅಲ್ಲಿ ತೀರ್ಮಾನವಾಗುವುದು ಬಹುಮತದ ಪ್ರಶ್ನೆಯೋ, ದಿನ ದೂಡುವ ಪ್ರಶ್ನೆಯೋ?

ಹೊಳೆನರಸೀಪುರ ಪುರಸಭೆಯ ಅಧ್ಯಕ್ಷರಾಗಿದ್ದ ಕೆ. ನರಸಿಂಹಯ್ಯ ಅವರ ಮೇಲೆ 1963ರಲ್ಲಿ ಬಹುಪಾಲು ಸದಸ್ಯರು ವಿಶ್ವಾಸ ಕಳೆದುಕೊಂಡಿದ್ದರು. ಅವಿಶ್ವಾಸ ಗೊತ್ತುವಳಿಗಾಗಿ ಸಭೆ ಕರೆಯಿರಿ ಎಂದು ಬರೆದುಕೊಟ್ಟರೂ ಅಧ್ಯಕ್ಷರು ಕರೆಯಲಿಲ್ಲ. ಕೊನೆಗೆ ಉಪಾಧ್ಯಕ್ಷರು ಕರೆದರು. 20 ಸದಸ್ಯರಲ್ಲಿ 19 ಮಂದಿ ಹಾಜರಾದರು. 15 ಮಂದಿ ಗೊತ್ತುವಳಿಯ ಪರ ಮತ ಕೊಟ್ಟರು. ಇಪ್ಪತ್ತರ ಮೂರನೇ ಎರಡು ಭಾಗವೆಂದರೆ 14. ಅದಕ್ಕೂ ಒಂದು ಮತ ಹೆಚ್ಚೇ ಬಿದ್ದಿತ್ತು. ಆದರೂ ವಿಷಯ ಅಲ್ಲಿಗೆ ಮುಗಿಯಲಿಲ್ಲ. ವಿಶೇಷ ಸಾಮಾನ್ಯ ಸಭೆಗೆ ಮೂರು ಪೂರ್ಣ ದಿನಗಳ ನೋಟಿಸ್ ಕೊಡಬೇಕೆಂದು ಆಗ ಜಾರಿಯಲ್ಲಿದ್ದ 1951ರ ಮೈಸೂರು ಪಟ್ಟಣ ಪುರಸಭೆಗಳ ಕಾಯ್ದೆ ಹೇಳುತ್ತಿತ್ತು. ನೋಟಿಸ್ ಕಳಿಸಿದ ದಿನದಿಂದ ಎಣಿಸಿದರೆ ಮೂರು ದಿನ ಸಿಗುತ್ತಿತ್ತು. ಕೆಲವು ಸದಸ್ಯರ ಕೈಸೇರಿದ ದಿನದಿಂದ ಎಣಿಸಿದರೆ ಸಿಗುತ್ತಿರಲಿಲ್ಲ. ಈ ಒಂದು ಎಳೆ ಹಿಡಿದು ಪ್ರಕರಣ ಮೈಸೂರು ಹೈಕೋರ್ಟನ್ನು ದಾಟಿ ಸುಪ್ರೀಂ ಕೋರ್ಟಿಗೆ ಹೋಯಿತು. 1964ರಲ್ಲಿ ಬಂದ ತೀರ್ಪು ಎರಡು ಮಾತು ಹೇಳಿತು. ಒಂದು, ನೋಟಿಸ್ ಕೊಡುವುದು ಎಂದರೆ ಬರೀ ಕಳಿಸುವುದಲ್ಲ, ಸದಸ್ಯನಿಗೆ ಮುಟ್ಟಿಸುವುದು. ಆದ್ದರಿಂದ ಇಲ್ಲಿ ಲೋಪವಾಗಿದೆ. ಎರಡು, ಆ ಲೋಪದಿಂದ ಸಭೆಯ ನಡವಳಿಗೆ ಯಾವ ಬಾಧೆಯೂ ಆಗಿಲ್ಲ; ಆದ್ದರಿಂದ ಗೊತ್ತುವಳಿ ಊರ್ಜಿತ.

ಅರವತ್ತು ವರ್ಷಗಳ ಹಿಂದಿನ ಈ ತೀರ್ಪನ್ನು ನಗರಾಡಳಿತದ ವ್ಯಾಜ್ಯಗಳಲ್ಲಿ ವಕೀಲರು ಇಂದಿಗೂ ಉಲ್ಲೇಖಿಸುತ್ತಾರೆ. ಅದರ ತಿರುಳು ಮಾತ್ರ ಇನ್ನೂ ಪೂರ್ತಿ ಮೈಗೂಡಿಲ್ಲ. ಅಧ್ಯಕ್ಷರ ಮೇಲೆ ಸದಸ್ಯರಿಗೆ ವಿಶ್ವಾಸವಿದೆಯೇ ಎಂಬ ಪ್ರಶ್ನೆಗೆ ಉತ್ತರ ಕೊಡಬಲ್ಲದ್ದು ಸದನ ಒಂದೇ. ಆ ಉತ್ತರವನ್ನು ನ್ಯಾಯವಾಗಿ ಪಡೆಯಲಾಯಿತೇ ಎಂದು ನೋಡುವುದು ನ್ಯಾಯಾಲಯದ ಕೆಲಸ. ಪಡೆದ ರೀತಿಯಲ್ಲಿ ನಿಜವಾದ ದೋಷವಿದ್ದರೆ ಅದಕ್ಕೆ ಪರಿಹಾರ, ನೇರ್ಪಡಿಸಿದ ರೀತಿಯಲ್ಲಿ ಬೇಗನೆ ಇನ್ನೊಮ್ಮೆ ಮತ ಹಾಕಿಸುವುದು. ಮತವನ್ನೇ ತಡೆದಿಟ್ಟು, ಬಹುಮತ ಕಳೆದುಕೊಂಡವರನ್ನು ತಿಂಗಳುಗಟ್ಟಲೆ ಕುರ್ಚಿಯಲ್ಲಿ ಉಳಿಸುವುದು ಪರಿಹಾರವಲ್ಲ. ರಾಜ್ಯ ಸರ್ಕಾರದ ಬಹುಮತದ ಪ್ರಶ್ನೆ ಬಂದಾಗ ನಮ್ಮ ನ್ಯಾಯಾಲಯಗಳು ಒಪ್ಪಿಕೊಂಡಿರುವ ಈ ತತ್ವವನ್ನು ಊರಿನ ಪುರಸಭೆಗೂ ಅನ್ವಯಿಸಬೇಕು ಎಂಬುದು ಈ ಲೇಖನದ ವಾದ.

ಕಾರಣ ಹೇಳಬೇಕಾಗಿಲ್ಲ, ಕ್ರಮ ತಪ್ಪುವಂತಿಲ್ಲ

ಮೊದಲು ಕಾನೂನು ಏನು ಹೇಳುತ್ತದೆ ನೋಡೋಣ. ಕರ್ನಾಟಕದ ನಗರಸಭೆ, ಪುರಸಭೆ, ಪಟ್ಟಣ ಪಂಚಾಯಿತಿಗಳನ್ನು ಆಳುವುದು 1964ರ ಕರ್ನಾಟಕ ಪುರಸಭೆಗಳ ಕಾಯ್ದೆ. ಅಧ್ಯಕ್ಷ, ಉಪಾಧ್ಯಕ್ಷರ ಆಯ್ಕೆ ಮತ್ತು ಅಧಿಕಾರಾವಧಿಯ ವಿಷಯ ಅದರ 42ನೇ ಸೆಕ್ಷನ್ನಿನಲ್ಲಿದೆ. ಅವಿಶ್ವಾಸ ಗೊತ್ತುವಳಿಯ ಕ್ರಮವೂ ಅಲ್ಲಿಯೇ ಇದೆ: ಸದಸ್ಯರ ಒಟ್ಟು ಸಂಖ್ಯೆಯ ಮೂರನೇ ಒಂದು ಭಾಗದಷ್ಟಾದರೂ ಮಂದಿ ಸಹಿ ಹಾಕಿ ನೋಟಿಸ್ ಕೊಡಬೇಕು, ಕನಿಷ್ಠ ಹತ್ತು ದಿನಗಳ ಮುನ್ಸೂಚನೆ ಇರಬೇಕು, ಅದಕ್ಕೆಂದೇ ಕರೆದ ವಿಶೇಷ ಸಾಮಾನ್ಯ ಸಭೆಯಲ್ಲಿ ಒಟ್ಟು ಸದಸ್ಯರ ಮೂರನೇ ಎರಡು ಭಾಗದಷ್ಟು ಮತ ಬೀಳಬೇಕು. ಬಿದ್ದರೆ ಆ ಕ್ಷಣಕ್ಕೇ ಹುದ್ದೆ ತೆರವಾದಂತೆ. ಅಧ್ಯಕ್ಷರು ಇಂಥ ತಪ್ಪು ಮಾಡಿದ್ದಾರೆ ಎಂದು ತೋರಿಸಬೇಕೆಂಬ ಷರತ್ತು ಇಲ್ಲಿಲ್ಲ. ಅದು ಮರೆವಿನಿಂದ ಬಿಟ್ಟದ್ದಲ್ಲ. ಗುಜರಾತಿನ ಪುರಸಭೆಯೊಂದಕ್ಕೆ ಸಂಬಂಧಿಸಿದ ಬಾಬುಭಾಯಿ ಮುಳಜಿಭಾಯಿ ಪಟೇಲ್ ಪ್ರಕರಣದಲ್ಲಿ 1974ರಲ್ಲಿ ಸುಪ್ರೀಂ ಕೋರ್ಟ್ ಖಂಡನಾ ನಿರ್ಣಯಕ್ಕೂ ಅವಿಶ್ವಾಸ ಗೊತ್ತುವಳಿಗೂ ಗೆರೆ ಎಳೆಯಿತು. ಖಂಡಿಸುವುದಾದರೆ ಯಾವ ಕಾರಣಕ್ಕೆಂದು ಹೇಳಬೇಕು. ವಿಶ್ವಾಸವಿಲ್ಲ ಎನ್ನಲು ಕಾರಣ ಕೊಡಬೇಕಾಗಿಲ್ಲ. ನಮ್ಮ ಊರುಗಳಲ್ಲಿ ಸಲ್ಲಿಕೆಯಾಗುವ ನೋಟಿಸುಗಳಲ್ಲಿ 'ಸದಸ್ಯರನ್ನು ವಿಶ್ವಾಸಕ್ಕೆ ತೆಗೆದುಕೊಳ್ಳುತ್ತಿಲ್ಲ', 'ವಾರ್ಡುಗಳಿಗೆ ಅನುದಾನ ಹಂಚುವಲ್ಲಿ ತಾರತಮ್ಯ' ಎಂಬಂಥ ಸಾಲುಗಳು ಇದ್ದೇ ಇರುತ್ತವೆ. ಕಾನೂನಿನ ದೃಷ್ಟಿಯಲ್ಲಿ ಅವು ಇದ್ದರೂ ಒಂದೇ, ಇಲ್ಲದಿದ್ದರೂ ಒಂದೇ.

ಅಧ್ಯಕ್ಷರನ್ನು ಇಳಿಸಲು ಇನ್ನೊಂದು ದಾರಿಯೂ ಇದೆ: ದುರ್ನಡತೆಯ ಆರೋಪ ಹೊರಿಸಿ ಸರ್ಕಾರವೇ ತೆಗೆಯುವುದು. ಅಲ್ಲಿ ನಿಯಮ ಸಂಪೂರ್ಣ ಬೇರೆ. ಮಹಾರಾಷ್ಟ್ರದ ರಾಯಗಡ ಜಿಲ್ಲೆಯ ಉರಣ ನಗರಸಭೆಯ ಅಧ್ಯಕ್ಷರನ್ನು ಸರ್ಕಾರ ವಜಾ ಮಾಡಿದ ರವಿ ಯಶವಂತ ಭೋಯಿರ್ ಪ್ರಕರಣದಲ್ಲಿ 2012ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ಒಪ್ಪಲಿಲ್ಲ. ಜನ ಆರಿಸಿದವರನ್ನು ಅಧಿಕಾರಿಯ ಆದೇಶದಿಂದ ತೆಗೆಯುವುದಾದರೆ ವಿಚಾರಣೆ, ಪುರಾವೆ, ಕಾರಣಸಹಿತ ಆದೇಶ ಎಲ್ಲವೂ ಬೇಕು; ಏಕೆಂದರೆ ಅದು ವ್ಯಕ್ತಿಗೆ ಕಳಂಕ ಹಚ್ಚುತ್ತದೆ ಮತ್ತು ಅವರನ್ನು ಆರಿಸಿದವರ ಹಕ್ಕನ್ನೂ ಕಸಿಯುತ್ತದೆ. ಅವಿಶ್ವಾಸದಲ್ಲಿ ಕಳಂಕವಿಲ್ಲ, ಆರೋಪಿಯಿಲ್ಲ, ಶಿಕ್ಷೆಯಿಲ್ಲ. ಇರುವುದು ಬಹುಮತದ ಲೆಕ್ಕ ಮಾತ್ರ. ಈ ವ್ಯತ್ಯಾಸವೇ ಮುಂದಿನ ಎಲ್ಲ ಕಾನೂನು ಸಮರಕ್ಕೂ ಮೂಲ. ಕಾರಣವನ್ನು ಪ್ರಶ್ನಿಸುವಂತಿಲ್ಲ ಎಂದ ಮೇಲೆ ಇಳಿದವರಿಗೆ ಪ್ರಶ್ನಿಸಲು ಉಳಿಯುವುದು ಕ್ರಮವೊಂದೇ.

ಇದಕ್ಕೆ ಮುನ್ನ ಅವಿಶ್ವಾಸದ ಅಧಿಕಾರವನ್ನೇ ಸಂವಿಧಾನಬಾಹಿರ ಎನ್ನಿಸುವ ಪ್ರಯತ್ನಗಳೂ ನಡೆದಿವೆ. ಉತ್ತರ ಪ್ರದೇಶದಲ್ಲಿ ಪುರಸಭೆಯ ಅಧ್ಯಕ್ಷರನ್ನು ಜನರೇ ನೇರವಾಗಿ ಆರಿಸುತ್ತಿದ್ದ ಕಾಲದಲ್ಲಿ, ಊರೆಲ್ಲ ಸೇರಿ ಆರಿಸಿದವರನ್ನು ಕೆಲವೇ ಸದಸ್ಯರು ಇಳಿಸುವುದು ಹೇಗೆ ಎಂದು ರಾಯಬರೇಲಿಯ ಮೋಹನಲಾಲ್ ತ್ರಿಪಾಠಿ ಪ್ರಶ್ನಿಸಿದ್ದರು. ಆ ಸದಸ್ಯರೂ ಜನರಿಂದಲೇ ಬಂದವರು, ಅವರು ಇಳಿಸಿದರೆ ಜನ ಇಳಿಸಿದಂತೆಯೇ ಎಂದು ಸುಪ್ರೀಂ ಕೋರ್ಟ್ 1992ರಲ್ಲಿ ಹೇಳಿತು. 1993ರಲ್ಲಿ 73 ಮತ್ತು 74ನೇ ತಿದ್ದುಪಡಿಗಳು ಜಾರಿಗೆ ಬಂದ ಮೇಲೆ ವಾದ ಹೊಸ ರೂಪ ತಾಳಿತು: ಸಂವಿಧಾನ ಪಂಚಾಯಿತಿ, ಪುರಸಭೆಗಳಿಗೆ ಐದು ವರ್ಷದ ಅವಧಿ ಕೊಟ್ಟಿದೆ, ಅವಿಶ್ವಾಸದ ಮಾತನ್ನೇ ಆಡಿಲ್ಲ, ಆದ್ದರಿಂದ ರಾಜ್ಯದ ಕಾನೂನು ಅದನ್ನು ತರುವಂತಿಲ್ಲ ಎಂದು. ಉತ್ತರ ಪ್ರದೇಶ 2007ರಲ್ಲಿ ಕ್ಷೇತ್ರ ಮತ್ತು ಜಿಲ್ಲಾ ಪಂಚಾಯಿತಿ ಅಧ್ಯಕ್ಷರಿಗಿದ್ದ ಎರಡು ವರ್ಷದ ರಕ್ಷಣೆಯನ್ನು ಒಂದಕ್ಕೆ ಇಳಿಸಿ, ಮೂರನೇ ಎರಡರ ಬದಲು ಅರ್ಧಕ್ಕಿಂತ ಹೆಚ್ಚು ಮತ ಸಾಕು ಎಂದಾಗ ಈ ವಾದ ಮುನ್ನೆಲೆಗೆ ಬಂತು. 2010ರ ಭಾನುಮತಿ ತೀರ್ಪು ಅದನ್ನು ತಳ್ಳಿಹಾಕಿತು. ಐದು ವರ್ಷದ ಖಾತರಿ ಇರುವುದು ಸಂಸ್ಥೆಗೆ, ಅದರ ತಲೆಯ ಮೇಲೆ ಕೂತವರಿಗಲ್ಲ. ಸಹಕಾರ ಕ್ಷೇತ್ರದಲ್ಲಂತೂ ಕೋರ್ಟ್ ಇನ್ನೂ ಮುಂದೆ ಹೋಯಿತು. ಗುಜರಾತ್ ಹಾಲು ಮಾರಾಟ ಮಹಾಮಂಡಳದ ವಿಪುಲಭಾಯಿ ಚೌಧರಿ ಪ್ರಕರಣದಲ್ಲಿ 2015ರಲ್ಲಿ, ಉಪವಿಧಿಯಲ್ಲಿ ಅವಿಶ್ವಾಸದ ಉಲ್ಲೇಖವೇ ಇಲ್ಲದಿದ್ದರೂ ಆರಿಸಿದವರಿಗೆ ಇಳಿಸುವ ಹಕ್ಕು ಇದ್ದೇ ಇದೆ ಎಂದಿತು.

ದಿನ ಮತ್ತು ತಲೆಗಳ ಲೆಕ್ಕ

ಹೀಗೆ ನೇರ ದಾರಿಗಳೆಲ್ಲ ಮುಚ್ಚಿದ್ದರಿಂದ ಅವಿಶ್ವಾಸದ ವ್ಯಾಜ್ಯಗಳು ಎಣಿಕೆಯ ಸುತ್ತ ಸುತ್ತುತ್ತವೆ. ಮೊದಲನೆಯದು ದಿನಗಳ ಎಣಿಕೆ. ಪೂರ್ಣ ದಿನ ಎಂದರೆ ನೋಟಿಸ್ ಮುಟ್ಟಿದ ದಿನವನ್ನೂ ಸಭೆಯ ದಿನವನ್ನೂ ಬಿಟ್ಟು ನಡುವೆ ಉಳಿಯುವ ದಿನ. 'ಮೂವತ್ತು ದಿನಕ್ಕೆ ಮೊದಲು ಸಭೆ ಕೂಡದು' ಎಂಬುದಕ್ಕೂ 'ಮೂವತ್ತು ದಿನಕ್ಕೆ ಕಡಿಮೆಯಿಲ್ಲದ ನೋಟಿಸ್ ಬೇಕು' ಎಂಬುದಕ್ಕೂ ಒಂದು ದಿನದ ಅಂತರವಿದೆ. ಉತ್ತರ ಪ್ರದೇಶದ ಪುರಸಭಾಧ್ಯಕ್ಷರೊಬ್ಬರ ಕುರ್ಚಿ ಆ ಒಂದು ದಿನದ ಮೇಲೆ ನಿಂತು ಸುಪ್ರೀಂ ಕೋರ್ಟ್‌ವರೆಗೂ ಹೋಗಿತ್ತು. ಎರಡನೆಯದು ತಲೆಗಳ ಎಣಿಕೆ. 23 ಚುನಾಯಿತ ಸದಸ್ಯರ ಪುರಸಭೆಯಲ್ಲಿ ಮೂರನೇ ಎರಡು ಎಂದರೆ 15 ಚಿಲ್ಲರೆ, ಅಂದರೆ 16 ಮತ. ಶಾಸಕರು ಮತ್ತು ಸಂಸದರೂ ಪದನಿಮಿತ್ತ ಸದಸ್ಯರು, ಅವರನ್ನೂ ಸೇರಿಸಬೇಕು ಎಂದರೆ ಒಟ್ಟು 25, ಬೇಕಾಗುವುದು 17. ನಾಮನಿರ್ದೇಶಿತರನ್ನು ಎಣಿಸಬೇಕೇ, ಸತ್ತವರ ಮತ್ತು ಅನರ್ಹರಾದವರ ಖಾಲಿ ಸ್ಥಾನಗಳನ್ನು ಕಳೆಯಬೇಕೇ ಎಂಬ ತಕರಾರು ಬೇರೆ. ಮೂರನೆಯದು ಸಹಿಗಳ ಎಣಿಕೆ. ನೋಟಿಸಿಗೆ ಬೇಕಾದ ಎಂಟು ಸಹಿಗಳ ಪೈಕಿ ಎರಡು 'ಖಾಲಿ ಹಾಳೆಯ ಮೇಲೆ ಹಾಕಿಸಿಕೊಂಡದ್ದು' ಎಂಬ ಪ್ರಮಾಣಪತ್ರ ಮರುವಾರವೇ ಹುಟ್ಟಿಕೊಳ್ಳುತ್ತದೆ. ಇವುಗಳ ಜೊತೆಗೆ ಸಭೆ ಕರೆದವರಿಗೆ ಕರೆಯುವ ಅಧಿಕಾರವಿತ್ತೇ, ಅಧ್ಯಕ್ಷತೆ ಯಾರು ವಹಿಸಬೇಕಿತ್ತು, ಮತದಾನ ಗುಪ್ತವೋ ಬಹಿರಂಗವೋ ಎಂಬ ಪ್ರಶ್ನೆಗಳು.

ಇವುಗಳಲ್ಲಿ ಎಲ್ಲವೂ ಕುತರ್ಕ ಎಂದು ತಳ್ಳಿಹಾಕುವಂತಿಲ್ಲ. ಕಾರಣವನ್ನೇ ಕೊಡದೆ ಒಬ್ಬರನ್ನು ಇಳಿಸುವ ಅಧಿಕಾರಕ್ಕೆ ಕಟ್ಟುಪಾಡೆಂಬುದು ಇದ್ದರೆ ಅದು ಕ್ರಮದಲ್ಲಿಯೇ ಇರಬೇಕು. ಮುನ್ಸೂಚನೆಯ ಹತ್ತು ದಿನಗಳಿರುವುದು ಅಧ್ಯಕ್ಷರು ಸದಸ್ಯರ ಮನವೊಲಿಸಲಿ, ಊರಿನವರು ತಮ್ಮ ಸದಸ್ಯರನ್ನು ಕೇಳಲಿ ಎಂದೇ. ಪ್ರಶ್ನೆ ಇರುವುದು ಲೋಪ ಕಂಡಾಗ ಏನು ಮಾಡಬೇಕು ಎಂಬಲ್ಲಿ. ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದವರು ಮೊದಲು ಕೇಳುವುದು ಅಂತಿಮ ತೀರ್ಪನ್ನಲ್ಲ, ಮಧ್ಯಂತರ ತಡೆಯಾಜ್ಞೆಯನ್ನು. ಅದು ಸಿಕ್ಕರೆ ಸಭೆ ನಿಲ್ಲುತ್ತದೆ, ಇಲ್ಲವೇ ಆಗಿಹೋದ ಗೊತ್ತುವಳಿಯ ಪರಿಣಾಮ ನಿಲ್ಲುತ್ತದೆ. ಏಕಸದಸ್ಯ ಪೀಠದ ಆದೇಶದ ಮೇಲೆ ವಿಭಾಗೀಯ ಪೀಠಕ್ಕೆ ಮೇಲ್ಮನವಿ, ಆಕ್ಷೇಪಣೆ ಸಲ್ಲಿಸಲು ಸಮಯ, ಮುಂದೂಡಿಕೆ ಹೀಗೆ ದಿನಗಳು ಸಾಗುತ್ತವೆ.

ಸಾಮಾನ್ಯ ಸಿವಿಲ್ ವ್ಯಾಜ್ಯದಲ್ಲಿ ಆರು ತಿಂಗಳು ದೊಡ್ಡ ಅವಧಿಯಲ್ಲ. ಪುರಸಭೆಯ ಅಧ್ಯಕ್ಷಗಿರಿಯ ಲೆಕ್ಕ ಹಾಗಲ್ಲ. ನಮ್ಮಲ್ಲಿ ಅದರ ಅವಧಿ 30 ತಿಂಗಳು. ಆ 30 ತಿಂಗಳನ್ನೂ ಒಳ ಒಪ್ಪಂದ ಮಾಡಿಕೊಂಡು ಇಬ್ಬರು ಮೂವರ ನಡುವೆ ಹಂಚಿಕೊಳ್ಳುವುದು ಎಲ್ಲ ಪಕ್ಷಗಳಲ್ಲೂ ಕಾಣುವ ರೂಢಿ. ಒಪ್ಪಂದದಂತೆ ಹತ್ತು ತಿಂಗಳಿಗೋ ಹದಿನೈದು ತಿಂಗಳಿಗೋ ರಾಜೀನಾಮೆ ಕೊಡಬೇಕಾದವರು ಕೊಡದಿದ್ದಾಗಲೇ ಬಹಳಷ್ಟು ಅವಿಶ್ವಾಸ ಗೊತ್ತುವಳಿಗಳು ಹುಟ್ಟುತ್ತವೆ. ಅಂಥಲ್ಲಿ ಆರು ತಿಂಗಳ ತಡೆಯಾಜ್ಞೆ ಎಂದರೆ ಪ್ರಕರಣವನ್ನು ಗೆದ್ದಂತೆಯೇ. ತೀರ್ಪು ಬರುವ ಹೊತ್ತಿಗೆ ಅವಧಿಯೇ ಮುಗಿದು ಅರ್ಜಿ ನಿರರ್ಥಕವಾಗಿರುತ್ತದೆ. ಕಾಲ ಕಳೆದದ್ದಕ್ಕೆ ಪುರಸಭೆಗಳು ತೆತ್ತ ಬೆಲೆಯನ್ನು ಈ ರಾಜ್ಯ ದೊಡ್ಡ ಪ್ರಮಾಣದಲ್ಲಿ ಒಮ್ಮೆ ನೋಡಿಯೂ ಇದೆ. 2018ರ ಆಗಸ್ಟ್‌ನಲ್ಲಿ ಚುನಾವಣೆ ನಡೆದ ನೂರಕ್ಕೂ ಹೆಚ್ಚು ಸ್ಥಳೀಯ ಸಂಸ್ಥೆಗಳಿಗೆ ಅಧ್ಯಕ್ಷ ಸ್ಥಾನದ ಮೀಸಲಾತಿ ಪಟ್ಟಿಯ ವ್ಯಾಜ್ಯದಿಂದಾಗಿ 2020ರ ಕೊನೆಯವರೆಗೂ ಅಧ್ಯಕ್ಷರು ಬರಲಿಲ್ಲ. ಗೆದ್ದ ಸದಸ್ಯರಿದ್ದರು, ಸದನ ಕೂಡಲಿಲ್ಲ. ಆಡಳಿತಾಧಿಕಾರಿಗಳೇ ಊರು ನಡೆಸಿದರು. ಅದು ಅವಿಶ್ವಾಸದ ವ್ಯಾಜ್ಯವಲ್ಲ ನಿಜ. ಆದರೆ ಕೋರ್ಟಿನ ಕ್ಯಾಲೆಂಡರಿಗೂ ಪುರಸಭೆಯ ಕ್ಯಾಲೆಂಡರಿಗೂ ಹೊಂದಿಕೆಯಾಗದಾಗ ಸೋಲುವುದು ಯಾರು ಎಂಬುದನ್ನು ಅದು ತೋರಿಸಿತು.

ವಿಧಾನಸೌಧಕ್ಕೊಂದು ನ್ಯಾಯ, ಪುರಸಭೆಗೊಂದು

ಬಹುಮತದ ಪ್ರಶ್ನೆಯನ್ನು ಹೇಗೆ ಬಿಡಿಸಬೇಕು ಎಂಬ ಪಾಠವನ್ನು ದೇಶಕ್ಕೆ ಕೊಟ್ಟದ್ದು ಕರ್ನಾಟಕದ ಪ್ರಕರಣವೇ. 1989ರ ಏಪ್ರಿಲ್‌ನಲ್ಲಿ ಎಸ್.ಆರ್. ಬೊಮ್ಮಾಯಿ ಸರ್ಕಾರವನ್ನು ಸದನದಲ್ಲಿ ಬಹುಮತ ತೋರಿಸಲು ಬಿಡದೆ ವಜಾ ಮಾಡಲಾಯಿತು. ಬಹುಮತ ಪರೀಕ್ಷೆಯಾಗಬೇಕಾದದ್ದು ರಾಜಭವನದಲ್ಲಲ್ಲ, ಸದನದ ಅಂಗಳದಲ್ಲಿ ಎಂದು ಸುಪ್ರೀಂ ಕೋರ್ಟ್ 1994ರಲ್ಲಿ ಹೇಳಿತು. ತತ್ವ ಗೆದ್ದಿತು, ಐದು ವರ್ಷ ತಡವಾಗಿ ಬಂದ ಆ ಗೆಲುವಿನಿಂದ ಬೊಮ್ಮಾಯಿ ಅವರಿಗೆ ಅಧಿಕಾರವೇನೂ ಮರಳಲಿಲ್ಲ. ಆ ಕೊರತೆಯನ್ನು ಕೋರ್ಟುಗಳು ಮುಂದೆ ತುಂಬಿಕೊಂಡವು. 1998ರ ಫೆಬ್ರುವರಿಯಲ್ಲಿ ಉತ್ತರ ಪ್ರದೇಶದಲ್ಲಿ ಕಲ್ಯಾಣ್ ಸಿಂಗ್ ಮತ್ತು ಜಗದಂಬಿಕಾ ಪಾಲ್ ಇಬ್ಬರೂ ತಾನೇ ಮುಖ್ಯಮಂತ್ರಿ ಎಂದಾಗ ಎರಡೇ ದಿನಗಳಲ್ಲಿ ಸದನದಲ್ಲಿ ಬಲಾಬಲ ಪರೀಕ್ಷೆ ನಡೆಸಲು ಸುಪ್ರೀಂ ಕೋರ್ಟ್ ಆದೇಶಿಸಿತು. 2018ರ ಮೇ ತಿಂಗಳಲ್ಲಿ ಬಿ.ಎಸ್. ಯಡಿಯೂರಪ್ಪ ಅವರಿಗೆ ರಾಜ್ಯಪಾಲರು ಕೊಟ್ಟಿದ್ದ 15 ದಿನಗಳ ಗಡುವನ್ನು ಕೋರ್ಟ್ ಒಂದೇ ದಿನಕ್ಕೆ ಇಳಿಸಿತು. 18ರಂದು ಆದೇಶ, 19ರ ಸಂಜೆ ನಾಲ್ಕಕ್ಕೆ ಪರೀಕ್ಷೆ, ಹಂಗಾಮಿ ಸ್ಪೀಕರ್ ನೇತೃತ್ವ, ಗುಪ್ತ ಮತದಾನ ಕೂಡದು. ಮತಕ್ಕೆ ಹಾಕುವ ಮುನ್ನವೇ ಮುಖ್ಯಮಂತ್ರಿ ರಾಜೀನಾಮೆ ಕೊಟ್ಟರು. ಮರುವರ್ಷ ಮಹಾರಾಷ್ಟ್ರದಲ್ಲಿಯೂ ಇದೇ ಮಾದರಿ ಮರುಕಳಿಸಿತು.

ಈ ಎಲ್ಲ ಆದೇಶಗಳ ಹಿಂದಿನ ತರ್ಕ ಸರಳ: ಬಹುಮತದ ವಿವಾದದಲ್ಲಿ ವಿಳಂಬವೆನ್ನುವುದು ತಟಸ್ಥವಲ್ಲ, ಅದು ಯಾವಾಗಲೂ ಕುರ್ಚಿಯಲ್ಲಿರುವವರ ಪರ. ಕೋಟ್ಯಂತರ ಜನರ ರಾಜ್ಯಕ್ಕೆ 24 ಗಂಟೆಯಲ್ಲಿ ಸಾಧ್ಯವಾಗುವ ಮತದಾನ 23 ಸದಸ್ಯರ ಪುರಸಭೆಗೆ 15 ದಿನಗಳಲ್ಲಿ ಏಕೆ ಸಾಧ್ಯವಾಗಬಾರದು? ಅವಿಶ್ವಾಸದ ರಿಟ್ ಅರ್ಜಿ ಬಂದಾಗ ನ್ಯಾಯಾಲಯ ಕೇಳಬೇಕಾದ ಮೊದಲ ಪ್ರಶ್ನೆ, ಹೊಳೆನರಸೀಪುರದ ಪ್ರಕರಣದಲ್ಲಿ ಕೇಳಿದ್ದೇ: ಹೇಳಲಾಗುತ್ತಿರುವ ಲೋಪದಿಂದ ಮತದ ಫಲಿತಾಂಶ ಬದಲಾಗುವ ಸಂಭವವಿತ್ತೇ? ಇರಲಿಲ್ಲವಾದರೆ ಅರ್ಜಿಯನ್ನು ಅಲ್ಲಿಗೇ ಮುಗಿಸಬೇಕು. ಇತ್ತು ಎಂದಾದರೆ, ನೋಟಿಸ್ ಸರಿಯಾಗಿ ಕೊಡಿಸಿ, ತಟಸ್ಥ ಅಧಿಕಾರಿಯೊಬ್ಬರ ಅಧ್ಯಕ್ಷತೆಯಲ್ಲಿ, ನಿಗದಿತ ದಿನದೊಳಗೆ ಮತ್ತೆ ಸಭೆ ನಡೆಸಿ ಎಂದು ಆದೇಶಿಸಬೇಕು. ಆ ನಡುವಿನ ದಿನಗಳಲ್ಲಿ ಅಧ್ಯಕ್ಷರು ಟೆಂಡರು, ಬಿಲ್ಲು, ನೇಮಕದಂಥ ನಿರ್ಧಾರಗಳಿಗೆ ಕೈಹಾಕದೆ ದೈನಂದಿನ ಕೆಲಸವನ್ನಷ್ಟೇ ನೋಡಿಕೊಳ್ಳಲಿ. ಹೀಗಾದರೆ ಲೋಪವನ್ನು ಹುಡುಕಿ ಕೋರ್ಟಿಗೆ ಓಡುವುದರಿಂದ ಸಿಗುವುದು ಇನ್ನೊಂದು ಮತದಾನವೇ ಹೊರತು ಇನ್ನೊಂದು ವರ್ಷದ ಅಧಿಕಾರವಲ್ಲ ಎಂಬುದು ಎಲ್ಲರಿಗೂ ತಿಳಿಯುತ್ತದೆ. ನಿಜವಾಗಿ ಅನ್ಯಾಯವಾದವರು ಆಗಲೂ ಕೋರ್ಟಿಗೆ ಬರುತ್ತಾರೆ. ಕಾಲ ತಳ್ಳಲು ಬರುವವರಿಗೆ ಬರಲು ಕಾರಣ ಉಳಿಯುವುದಿಲ್ಲ.

ಎದುರು ನಿಲ್ಲುವ ಮಾತುಗಳು

ಇದಕ್ಕೆ ಮೊದಲ ಆಕ್ಷೇಪ ಕಾನೂನು ಬಲ್ಲವರದು. ಶಾಸನ ಒಂದು ಕೆಲಸವನ್ನು ಹೀಗೆಯೇ ಮಾಡಬೇಕೆಂದರೆ ಹಾಗೆಯೇ ಮಾಡಬೇಕು, ಇಲ್ಲವಾದರೆ ಮಾಡಲೇಕೂಡದು ಎಂಬ ಸೂತ್ರ ನಜೀರ್ ಅಹ್ಮದ್ ಪ್ರಕರಣದಲ್ಲಿ 1936ರಲ್ಲೇ ಪ್ರಿವಿ ಕೌನ್ಸಿಲ್ ಒಪ್ಪಿದ್ದು. ಹತ್ತು ದಿನ ಎಂದು ಬರೆದಿರುವುದನ್ನು ಒಂಬತ್ತಾದರೂ ಪರವಾಗಿಲ್ಲ ಎಂದರೆ ನಾಳೆ ಐದೂ ಸಾಕು ಎನ್ನುತ್ತಾರೆ ಎಂಬ ಭಯ ಸಕಾರಣವಾದದ್ದು. ಆದರೆ ಎಲ್ಲ ನಿಯಮಗಳ ತೂಕ ಒಂದೇ ಅಲ್ಲ. ಮೂರನೇ ಎರಡು ಬಹುಮತ, ಮೂರನೇ ಒಂದು ಸಹಿ, ಪ್ರತಿ ಸದಸ್ಯನಿಗೂ ನೋಟಿಸ್ ಮುಟ್ಟುವುದು, ಇವು ತೀರ್ಮಾನದ ಬುಡವೇ ಆಗಿರುವ ನಿಯಮಗಳು. ಇವುಗಳಲ್ಲಿ ಒಂದಿಷ್ಟೂ ರಿಯಾಯಿತಿ ಬೇಡ. ಒಬ್ಬ ಸದಸ್ಯನಿಗೆ ಉದ್ದೇಶಪೂರ್ವಕವಾಗಿ ನೋಟಿಸ್ ತಪ್ಪಿಸಿದರೆ ಒಂದೇ ಮತ ಹೆಚ್ಚುಕಡಿಮೆಯಾಗುವ ಸಭೆಯಲ್ಲಿ ಅದು ಫಲಿತಾಂಶವನ್ನೇ ಬದಲಿಸಬಲ್ಲದು. ನೋಟಿಸ್ ಒಂದು ದಿನ ತಡವಾಗಿ ಮುಟ್ಟಿಯೂ ಎಲ್ಲರೂ ಬಂದು ಮತ ಹಾಕಿರುವಲ್ಲಿ ಆ ಒಂದು ದಿನಕ್ಕೆ ಬೆಲೆ ಕಟ್ಟುವುದು ಬೇರೆ. ಅಲ್ಲದೆ ಕಟ್ಟುನಿಟ್ಟನ್ನು ಬಯಸುವವರಿಗೂ ಮರುಮತದಾನದ ಪರಿಹಾರದಿಂದ ನಷ್ಟವಿಲ್ಲ. ನಿಯಮ ಮುರಿದ ಸಭೆ ರದ್ದಾಗಲಿ. ನಿಯಮ ಪಾಲಿಸುವ ಸಭೆ ತಡವಾಗದಿರಲಿ.

ಎರಡನೆಯ ಆಕ್ಷೇಪ ಹೆಚ್ಚು ಗಂಭೀರವಾದದ್ದು. ಅವಿಶ್ವಾಸದ ಏಟು ಮೊದಲು ಬೀಳುವುದು ಮೀಸಲು ಸ್ಥಾನದಿಂದ ಅಧ್ಯಕ್ಷರಾದ ಮಹಿಳೆಯರು, ದಲಿತರು, ಹಿಂದುಳಿದವರ ಮೇಲೆ. ತಾವು ಹೇಳಿದ ಕಡೆ ಸಹಿ ಹಾಕದವರನ್ನು ಇಳಿಸಿ, ಅದೇ ವರ್ಗದ ಇನ್ನೊಬ್ಬ ಮೆತ್ತನೆಯವರನ್ನು ಕೂರಿಸಲು ಊರಿನ ಪ್ರಬಲರು ಇದನ್ನು ಬಳಸುತ್ತಾರೆ. ಅಂಥವರಿಗೆ ಹೈಕೋರ್ಟಿನ ತಡೆಯಾಜ್ಞೆ ಒಂದೇ ಆಸರೆ ಎಂಬುದು ಈ ವಾದ. ಇದರಲ್ಲಿ ಹುರುಳಿಲ್ಲ ಎನ್ನಲು ನಮ್ಮ ಊರುಗಳ ರಾಜಕಾರಣ ಬಲ್ಲ ಯಾರಿಗೂ ಬಾಯಿ ಬರುವುದಿಲ್ಲ. ಉತ್ತರ ಪ್ರದೇಶದ ಸೀತಾಪುರ ಜಿಲ್ಲಾ ಪಂಚಾಯಿತಿಯ ಅಧ್ಯಕ್ಷೆ ಉಷಾ ಭಾರತಿ ಇಂಥದೇ ವಾದ ಮುಂದಿಟ್ಟಾಗ 2014ರಲ್ಲಿ ಸುಪ್ರೀಂ ಕೋರ್ಟ್ ಮೀಸಲಾತಿ ಅವಿಶ್ವಾಸದಿಂದ ರಕ್ಷಣೆ ಕೊಡುವುದಿಲ್ಲ ಎಂದಿತು. ಕಾನೂನಿನ ಮಟ್ಟಿಗೆ ಅದು ಸರಿ, ಸಾಮಾಜಿಕವಾಗಿ ಅದು ಪೂರ್ಣ ಉತ್ತರವಲ್ಲ. ಆದರೆ ತಡೆಯಾಜ್ಞೆ ಇವರಿಗೆ ಕೊಡುವುದಾದರೂ ಏನು? ಮೂರನೇ ಎರಡು ಸದಸ್ಯರು ಎದುರು ನಿಂತ ಸದನದಲ್ಲಿ ಬಜೆಟ್ಟೂ ಅಂಗೀಕಾರವಾಗುವುದಿಲ್ಲ, ಕಾಮಗಾರಿಗೂ ಒಪ್ಪಿಗೆ ಸಿಗುವುದಿಲ್ಲ. ಹುದ್ದೆ ಉಳಿಯುತ್ತದೆ, ಅಧಿಕಾರ ಉಳಿಯುವುದಿಲ್ಲ. ಜೊತೆಗೆ ತಡೆಯಾಜ್ಞೆ ತರಲು ಬೇಕಾದ ವಕೀಲರ ಶುಲ್ಕ, ಬೆಂಗಳೂರು, ಧಾರವಾಡ, ಕಲಬುರಗಿಗೆ ಓಡಾಡುವ ತ್ರಾಣ ಉಳ್ಳವರಿಗೆ ಹೆಚ್ಚು, ಇಲ್ಲದವರಿಗೆ ಕಡಿಮೆ. ದುರ್ಬಲರಿಗೆ ನಿಜವಾದ ರಕ್ಷೆ ಶಾಸನದಲ್ಲೇ ಇರಬೇಕು: ಆಯ್ಕೆಯಾದ ಮೇಲೆ ಕೆಲಸ ಮಾಡಿ ತೋರಿಸಲು ಅವಿಶ್ವಾಸದ ಭಯವಿಲ್ಲದ ಒಂದು ನಿರ್ದಿಷ್ಟ ಅವಧಿ, ಒಮ್ಮೆ ಬಿದ್ದುಹೋದ ಗೊತ್ತುವಳಿಯನ್ನು ತಿಂಗಳು ಬಿಟ್ಟು ಮತ್ತೆ ತಾರದಂತೆ ಅಂತರ, ಸಭೆಯಲ್ಲಿ ತಮ್ಮ ಮಾತನ್ನು ಹೇಳಿ ದಾಖಲಿಸುವ ಹಕ್ಕು. ಇವು ಎಲ್ಲ ಅಧ್ಯಕ್ಷರಿಗೂ ಒಂದೇ ಬಗೆಯಲ್ಲಿ ದಕ್ಕುವ ರಕ್ಷಣೆಗಳು.

ಮೂರನೆಯದು ಸ್ಥಿರತೆಯ ವಾದ. ಬೇಗನೆ ಮತದಾನ ಎಂದರೆ ಬೇಗನೆ ಕುದುರೆ ವ್ಯಾಪಾರ, ಸದಸ್ಯರನ್ನು ರೆಸಾರ್ಟಿಗೆ ಸಾಗಿಸುವ ಪ್ರವಾಸ ಎಂದು ಹಲವರು ಹೇಳುತ್ತಾರೆ. ಅವಿಶ್ವಾಸವನ್ನು ದೀರ್ಘಕಾಲ ಕಟ್ಟಿಹಾಕಿದರೂ ಅದು ತಪ್ಪುವುದಿಲ್ಲ ಎನ್ನಲು ನೆರೆಯ ತೆಲಂಗಾಣ ಉದಾಹರಣೆ. ಅಲ್ಲಿ ಪುರಸಭಾಧ್ಯಕ್ಷರಿಗೆ ವರ್ಷಗಟ್ಟಲೆ ರಕ್ಷಣೆ ಇತ್ತು. ಅದನ್ನು ಮತ್ತೂ ಹೆಚ್ಚಿಸುವ ಪ್ರಯತ್ನವೂ ನಡೆಯಿತು. 2023ರ ಡಿಸೆಂಬರಿನಲ್ಲಿ ರಾಜ್ಯದಲ್ಲಿ ಸರ್ಕಾರ ಬದಲಾದ ಬೆನ್ನಿಗೇ ಹಲವು ಪುರಸಭೆಗಳಲ್ಲಿ ಅವಿಶ್ವಾಸದ ಸಾಲೇ ಎದ್ದಿತು. ಅಂದರೆ ಸದಸ್ಯರ ನಿಷ್ಠೆ ಬದಲಾಗುವುದು ಕಾನೂನಿನ ಗಡುವಿನಿಂದಲ್ಲ, ರಾಜಧಾನಿಯ ಗಾಳಿಯಿಂದ. ಪಕ್ಷದ ಚಿಹ್ನೆಯ ಮೇಲೆ ಗೆದ್ದು ವಿಪ್ ಧಿಕ್ಕರಿಸುವವರಿಗೆಂದೇ ನಮ್ಮಲ್ಲಿ 1987ರ ಸ್ಥಳೀಯ ಪ್ರಾಧಿಕಾರಗಳ ಪಕ್ಷಾಂತರ ನಿಷೇಧ ಕಾಯ್ದೆ ಇದೆ. ಖರೀದಿ ತಡೆಯಬೇಕಾದ ಕೆಲಸ ಅದರದು. ವ್ಯಾಪಾರಕ್ಕೆ ಬೇಕಾದದ್ದು ಸಮಯ. ಆರು ತಿಂಗಳು ತೂಗುಯ್ಯಾಲೆಯಲ್ಲಿರುವ ಸದನದಲ್ಲಿ ಸಿಗುವಷ್ಟು ಸಮಯ ಹದಿನೈದು ದಿನಗಳಲ್ಲಿ ಸಿಗಲಾರದು.

ಇದಕ್ಕೆ ತೀರಾ ವಿರುದ್ಧವಾದ ನಾಲ್ಕನೆಯ ಆಕ್ಷೇಪವೂ ಇದೆ: ಊರಿನ ರಾಜಕಾರಣದಲ್ಲಿ ಕೋರ್ಟು ಮೂಗು ತೂರಿಸುವುದೇ ಬೇಡ, ಸದನ ನೋಡಿಕೊಳ್ಳಲಿ ಎಂದು. ಸಂವಿಧಾನದ 243ಜೆಡ್‌ಜಿ ವಿಧಿ ಪುರಸಭೆಯ ಚುನಾವಣಾ ವಿಷಯಗಳಲ್ಲಿ ನ್ಯಾಯಾಲಯಗಳನ್ನು ದೂರವಿಟ್ಟಿದೆಯಲ್ಲ ಎಂದು ಕೇಳುವವರಿದ್ದಾರೆ. ಅವಿಶ್ವಾಸ ಚುನಾವಣೆಯಲ್ಲ, ಆದ್ದರಿಂದ ಆ ನಿರ್ಬಂಧ ಇಲ್ಲಿಗೆ ಹೊಂದುವುದಿಲ್ಲ. ಅದಕ್ಕಿಂತ ಮುಖ್ಯವಾಗಿ, ಸದನವನ್ನು ಪೂರ್ತಿ ಅದರ ಪಾಡಿಗೆ ಬಿಟ್ಟರೆ ಏನಾಗಬಹುದೆಂದು ಚಂಡೀಗಢದ ಮೇಯರ್ ಚುನಾವಣೆ ತೋರಿಸಿದೆ. 2024ರ ಜನವರಿ 30ರಂದು ಚುನಾವಣಾಧಿಕಾರಿಯೇ ಎಂಟು ಮತಪತ್ರಗಳ ಮೇಲೆ ಗುರುತು ಮಾಡಿ ಅವನ್ನು ಅಸಿಂಧುಗೊಳಿಸಿದರು. 20 ಮತಗಳ ಬೆಂಬಲವಿದ್ದವರು ಸೋತರು, 16 ಮತ ಪಡೆದವರು ಮೇಯರ್ ಆದರು. ಕ್ಯಾಮೆರಾದಲ್ಲಿ ಸೆರೆಯಾಗಿದ್ದ ಈ ಕೃತ್ಯವನ್ನು ಸುಪ್ರೀಂ ಕೋರ್ಟ್ ಮೂರು ವಾರಗಳಲ್ಲಿ ಸರಿಪಡಿಸಿ, ಫೆಬ್ರುವರಿ 20ರಂದು ಕುಲದೀಪ್ ಕುಮಾರ್ ಅವರನ್ನೇ ವಿಜೇತರೆಂದು ಘೋಷಿಸಿತು. ಎಣಿಸುವವರೇ ಕೆಡಿಸಿದಾಗ ಸರಿಪಡಿಸಲು ಹೊರಗಿನ ಕೈ ಬೇಕೇಬೇಕು. ಆ ಕೈ ಚುರುಕಾಗಿದ್ದದ್ದರಿಂದಲೇ, ಒಂದು ವರ್ಷದ ಅವಧಿಯ ಹುದ್ದೆಯಲ್ಲಿ ಆ ತೀರ್ಪಿಗೆ ಬೆಲೆ ಬಂತು.

ಶಾಸನಸಭೆ ಮಾಡಬಹುದಾದ ಕೆಲಸ

ನ್ಯಾಯಾಲಯಗಳು ತಮ್ಮ ಪರಿಹಾರದ ರೀತಿ ಬದಲಿಸಿಕೊಂಡರಷ್ಟೇ ಸಾಲದು. ವ್ಯಾಜ್ಯ ಹುಟ್ಟಲು ಕಾರಣವಾಗುವ ಸಂದುಗಳು ಕಾಯ್ದೆಯಲ್ಲಿಯೇ ಇವೆ, ಅವನ್ನು ಮುಚ್ಚುವ ಹೊಣೆ ಶಾಸನಸಭೆಯದು. ಮೊದಲ ಸಂದು ಸಭೆ ಕರೆಯುವವರದು. ಪುರಸಭೆಯಲ್ಲಿ ಸಭೆ ಕರೆಯುವ ಮೊದಲ ಹೊಣೆ ಯಾರ ವಿರುದ್ಧ ಗೊತ್ತುವಳಿ ಬಂದಿದೆಯೋ ಅದೇ ಅಧ್ಯಕ್ಷರದು. ಅವರು ಕರೆಯದಿದ್ದಾಗ ಉಪಾಧ್ಯಕ್ಷರು ಕರೆಯುತ್ತಾರೆ, ಅವರಿಗೂ ಆ ಕುರ್ಚಿಯ ಮೇಲೆ ಕಣ್ಣಿರುವುದು ಅಪರೂಪವಲ್ಲ. ಗ್ರಾಮ ಪಂಚಾಯಿತಿಗಳಿಗೆ 1994ರ ನಿಯಮಗಳು ಈ ಕೆಲಸವನ್ನು ಉಪವಿಭಾಗಾಧಿಕಾರಿಗೆ ವಹಿಸಿವೆ. ಉತ್ತರ ಪ್ರದೇಶದ ಪುರಸಭಾ ಕಾಯ್ದೆ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಅವಿಶ್ವಾಸದ ಸಭೆಗೆ ಅಧ್ಯಕ್ಷತೆ ವಹಿಸಲು ನ್ಯಾಯಾಂಗ ಅಧಿಕಾರಿಯನ್ನೇ ಕರೆಸುವ ಏರ್ಪಾಡು ಮಾಡಿಕೊಂಡಿತ್ತು. ಹಳ್ಳಿಯ ಪಂಚಾಯಿತಿಗೆ ಸಿಕ್ಕಿರುವ ತಟಸ್ಥತೆ ಪಟ್ಟಣದ ಪುರಸಭೆಗೂ ಸಿಗಬೇಕು. ಎರಡನೆಯದು ಎಣಿಕೆಯ ಸಂದು: ಒಟ್ಟು ಸದಸ್ಯರು ಎಂದರೆ ಯಾರು, ಚಿಲ್ಲರೆ ಬಂದರೆ ಏನು, ಖಾಲಿ ಸ್ಥಾನಗಳ ಲೆಕ್ಕ ಹೇಗೆ, ಒಮ್ಮೆ ಕೊಟ್ಟ ಸಹಿಯನ್ನು ಹಿಂತೆಗೆಯಬಹುದೇ ಎಂಬುದನ್ನು ನಾಲ್ಕು ಸಾಲುಗಳಲ್ಲಿ ಬಿಡಿಸಿ ಬರೆದರೆ ಅರ್ಧದಷ್ಟು ತಕರಾರುಗಳಿಗೆ ಆಧಾರವೇ ಇರುವುದಿಲ್ಲ. ಮೂರನೆಯದು ಕಾಲದ ಸಂದು: ನೋಟಿಸ್ ಕೊಟ್ಟ ಮೇಲೆ ಗರಿಷ್ಠ ಎಷ್ಟು ದಿನದೊಳಗೆ ಸಭೆ ನಡೆಯಲೇಬೇಕು, ಯಾವ ದಿನ ಲೆಕ್ಕಕ್ಕೆ, ಯಾವುದು ಲೆಕ್ಕಕ್ಕಲ್ಲ ಎಂಬುದು ಸಂಶಯಕ್ಕೆಡೆಯಿಲ್ಲದೆ ಇರಬೇಕು.

ಅವಿಶ್ವಾಸ ಗೊತ್ತುವಳಿಯಿಂದ ಊರಿಗೆ ಒಳ್ಳೆಯ ಅಧ್ಯಕ್ಷರು ಸಿಗುತ್ತಾರೆ ಎಂಬ ಭರವಸೆಯನ್ನು ಯಾರೂ ಕೊಡಲಾರರು. ಎಷ್ಟೋ ಸಲ ಹೋದವರಿಗೂ ಬಂದವರಿಗೂ ಹೆಚ್ಚಿನ ವ್ಯತ್ಯಾಸವಿರುವುದಿಲ್ಲ. ಅದು ಕೊಡುವುದು ಒಂದು ಸಣ್ಣ ಖಾತರಿಯನ್ನು ಮಾತ್ರ: ಸದನದ ಮೂರನೇ ಎರಡರಷ್ಟು ಮಂದಿಯ ಇಚ್ಛೆಗೆ ವಿರುದ್ಧವಾಗಿ ಯಾರೂ ಅಧ್ಯಕ್ಷರಾಗಿ ಮುಂದುವರಿಯಲಾರರು ಎಂಬುದು. ನಲ್ಲಿ ನೀರು, ಕಸ ವಿಲೇವಾರಿ, ಖಾತೆ ಬದಲಾವಣೆಗೆ ಪುರಸಭೆಯ ಬಾಗಿಲು ತಟ್ಟುವ ಪೌರನಿಗೆ ಬೇಕಾಗಿರುವುದು ನಿರ್ಧಾರ ತೆಗೆದುಕೊಳ್ಳಬಲ್ಲ ಆಡಳಿತ. ಬಹುಮತ ಉಳ್ಳ ಅಧ್ಯಕ್ಷರು ಅದನ್ನು ಕೊಡಬಲ್ಲರು, ಬಹುಮತ ಪಡೆದ ಹೊಸ ಅಧ್ಯಕ್ಷರೂ ಕೊಡಬಲ್ಲರು. ಕೊಡಲಾರದವರು, ಮುಂದಿನ ವಿಚಾರಣೆಯ ದಿನಾಂಕದವರೆಗೆ ಮಾತ್ರ ಅಧಿಕಾರ ಉಳಿಸಿಕೊಂಡವರು. ಆದ್ದರಿಂದ ಅವಿಶ್ವಾಸದ ಪ್ರತಿ ಅರ್ಜಿಯಲ್ಲೂ ನ್ಯಾಯಾಲಯದ ಮುಂದಿರುವ ಆಯ್ಕೆ ಅಧ್ಯಕ್ಷರು ಮತ್ತು ಅವರ ವಿರೋಧಿಗಳ ನಡುವಿನದಲ್ಲ, ಇಂದೇ ಇನ್ನೊಂದು ಮತಕ್ಕೆ ದಿನ ಗೊತ್ತುಮಾಡುವುದು ಮತ್ತು ಊರಿನ ಆಡಳಿತವನ್ನು ಅತಂತ್ರವಾಗಿಡುವುದರ ನಡುವಿನದು. ಮೊದಲನೆಯದನ್ನು ಆರಿಸಿಕೊಳ್ಳಲು ಹೊಸ ಸಿದ್ಧಾಂತವೇನೂ ಬೇಕಾಗಿಲ್ಲ. ಬೊಮ್ಮಾಯಿ ತೀರ್ಪನ್ನು ವಿಧಾನಸೌಧದಿಂದ ತಾಲ್ಲೂಕು ಕೇಂದ್ರದವರೆಗೆ ತಂದರೆ ಸಾಕು.